ನೆರೆ ಬಂದರೇ ಕಾಜಿರಂಗ

ಪ್ರತಿ ಮಳೆಗಾಲದಲ್ಲೂ ಅಸ್ಸಾಮಿನ ಕಾಜಿರಂಗ ಮುಳುಗಿದ ದೃಶ್ಯ ಟಿವಿಯಲ್ಲಿ ಬರುತ್ತದೆ. ಕುತ್ತಿಗೆಮಟ್ಟದ ನೀರಿನಲ್ಲಿ ಈಜುವ ಘೇಂಡಾಮೃಗ ನೋಡಿ ಅಯ್ಯೋ ಅನ್ನುತ್ತೇವೆ. ಆದರೆ ಆ ನೆರೆ ನಿಂತೇಹೋದರೆ ಘೇಂಡಾಮೃಗಕ್ಕೆ ಅಲ್ಲಿ ಮೇವೇ ಇರುವುದಿಲ್ಲ.

ಉತ್ತರಕ್ಕೆ ಬ್ರಹ್ಮಪುತ್ರ, ದಕ್ಷಿಣಕ್ಕೆ ಕಾರ್ಬಿ ಆಂಗ್ಲಾಂಗ್ ಬೆಟ್ಟಸಾಲು, ನಡುವಿನ ತಗ್ಗು ಬಯಲೇ ಉದ್ಯಾನ. ಅದರ ತುಂಬ ‘ಬೀಲ್’ ಎಂದು ಅಲ್ಲಿಯವರು ಕರೆಯುವ ಕೆರೆಗಳು. ಇವುಗಳಲ್ಲಿ ಬಹಳಷ್ಟು, ನದಿ ದಿಕ್ಕು ಬದಲಿಸಿದಾಗ ಬಿಟ್ಟುಹೋದ ಹಳೆಯ ಪಾತ್ರದ ತುಂಡುಗಳು. ನೆರೆ ಬಂದಾಗ ಬೀಲ್‌ಗಳು ನದಿಗೆ ಮತ್ತೆ ಕೂಡಿಕೊಳ್ಳುತ್ತವೆ. ಮೊಟ್ಟೆಯಿಡಲು ಮೀನು ಒಳಬರುತ್ತದೆ, ಬೇಸಿಗೆಯಲ್ಲಿ ನೀರನ್ನು ಮುಚ್ಚಿದ್ದ ಜಲಕಳೆ ಕೊಚ್ಚಿಹೋಗುತ್ತದೆ. ನೀರುನಾಯಿ, ಹೆಜ್ಜಾರ್ಲೆ, ಮೀನುಹದ್ದುಗಳ ವರ್ಷದ ಊಟ ನಿಂತಿರುವುದು ಇದರ ಮೇಲೆ.

ನೀರು ಇಳಿದ ಮೇಲೆ ಉಳಿಯುವ ಹೂಳಿನಲ್ಲಿ ಹುಲ್ಲು ಚಿಗುರುತ್ತದೆ. ಆನೆಯೂ ಮರೆಯಾಗುವಷ್ಟು ಎತ್ತರಕ್ಕೆ ಬೆಳೆಯುವ ಈ ಹುಲ್ಲನ್ನು ಹಾಗೇ ಬಿಟ್ಟರೆ ಬೂರುಗದಂಥ ಮರಗಳು ತಲೆಯೆತ್ತಿ ಬಯಲು ನಿಧಾನಕ್ಕೆ ಕಾಡಾಗುತ್ತದೆ. ಅದನ್ನು ತಡೆಯುವುದು ನೆರೆ, ಜೊತೆಗೆ ಅರಣ್ಯ ಇಲಾಖೆಯವರು ಚಳಿಗಾಲದಲ್ಲಿ ಹಾಕುವ ಬೆಂಕಿ. ಸುಟ್ಟ ಜಾಗದ ಎಳೆ ಚಿಗುರಿಗೆ ಜೌಗುಜಿಂಕೆ, ಕಾಡೆಮ್ಮೆ (ನಮ್ಮ ಘಟ್ಟದ ಕಾಟಿಯಲ್ಲ, ಸಾಕು ಎಮ್ಮೆಗೆ ಮೂಲವಾದದ್ದು), ಘೇಂಡಾಮೃಗ ಎಲ್ಲವೂ ಬಂದು ಸೇರುತ್ತವೆ. 2022ರ ಗಣತಿಯಲ್ಲಿ ಇಲ್ಲಿ 2,613 ಘೇಂಡಾಮೃಗಗಳಿದ್ದವು.

ತೊಂದರೆ ಇರುವುದು ನೀರು ಏರಿದ ದಿನಗಳಲ್ಲಿ. ಪ್ರಾಣಿಗಳಿಗೆ ಇದು ಗೊತ್ತಿಲ್ಲದ್ದೇನಲ್ಲ; ಬೆಟ್ಟ ಹತ್ತುತ್ತವೆ. ಆದರೆ ಬೆಟ್ಟಕ್ಕೂ ಬಯಲಿಗೂ ಮಧ್ಯೆ ಹೆದ್ದಾರಿ. ಅದಕ್ಕೇ ನೆರೆಯ ಕಾಲದಲ್ಲಿ ಉದ್ಯಾನದ ಒಂದು ತುದಿಯಲ್ಲಿ ವಾಹನಕ್ಕೆ ಸಮಯ ಬರೆದ ಚೀಟಿ ಕೊಡುತ್ತಾರೆ, ಇನ್ನೊಂದು ತುದಿಯಲ್ಲಿ ನೋಡುತ್ತಾರೆ. ಗಂಟೆಗೆ 40 ಕಿ.ಮೀ. ಮಿತಿ ಮೀರಿ ಬೇಗ ತಲುಪಿದವನಿಗೆ ದಂಡ. ಕ್ಯಾಮೆರಾಗಿಂತ ಈ ಚೀಟಿಯೇ ನನಗೆ ಜಾಣ ಉಪಾಯವಾಗಿ ಕಾಣುತ್ತದೆ: ಒಂದು ಕಡೆ ನಿಧಾನಿಸಿ ಮುಂದೆ ಹಾರಿಸಿಕೊಂಡು ಹೋಗಲು ಆಗುವುದಿಲ್ಲ. ಬೆಟ್ಟ ತಲುಪಲಾಗದ ಪ್ರಾಣಿಗಳಿಗೆಂದು ಉದ್ಯಾನದೊಳಗೇ ಮಣ್ಣಿನ ದಿಬ್ಬಗಳನ್ನೂ ಕಟ್ಟಿದ್ದಾರೆ. ತಾಯಿಯಿಂದ ಬೇರ್ಪಟ್ಟ ಮರಿಗಳು ಹತ್ತಿರದ ವನ್ಯಜೀವಿ ಪುನರ್ವಸತಿ ಕೇಂದ್ರ ಸೇರುತ್ತವೆ.

ಹೆದ್ದಾರಿಯ ಸುಮಾರು 34 ಕಿ.ಮೀ. ಭಾಗವನ್ನು ಕಂಬಗಳ ಮೇಲೆ ಎತ್ತುವ ಯೋಜನೆಗೆ 2025ರಲ್ಲಿ ಕೇಂದ್ರ ಸಂಪುಟ ಒಪ್ಪಿಗೆ ಕೊಟ್ಟಿದೆ. ರಸ್ತೆ ಮೇಲೆ ಹೋದರೂ ಕೆಳಗಿನ ದಾರಿ ತೆರೆದಿರಬೇಕಲ್ಲ. ಬೆಟ್ಟದ ಬುಡದ ಹೋಟೆಲುಗಳ ಕಾಂಪೌಂಡು, ಚಹಾ ತೋಟಗಳ ಬೇಲಿ, ಇವು ರಸ್ತೆಗೆ ಕಂಬ ಎಬ್ಬಿಸಿದ ಮಾತ್ರಕ್ಕೆ ಸರಿಯುವುದಿಲ್ಲ.