ಊರಿನ ಹೆಸರು ಮೆಮೊರಿಯಲ್ಲಿ ಎಷ್ಟು ಹೊತ್ತು ಇರುತ್ತದೆ?

ನೆಲಮಂಗಲದ ಪಕ್ಕದ ಅರಿಶಿನಕುಂಟೆ ನಮ್ಮ ಕಣ್ಣಿಗೆ ಆರು ಅಕ್ಷರ. ಯುನಿಕೋಡ್ ಸ್ವರಚಿಹ್ನೆಗೂ ಅನುಸ್ವಾರಕ್ಕೂ ಬೇರೆ ಬೇರೆ ಸಂಕೇತ ಕೊಟ್ಟಿರುವುದರಿಂದ ಕಂಪ್ಯೂಟರಿಗೆ ಅದು 11 ಸಂಕೇತ. ಯುಟಿಎಫ್-8 ಪದ್ಧತಿಯಲ್ಲಿ ಒಂದೊಂದಕ್ಕೂ 3 ಬೈಟ್, ಒಟ್ಟು 33. ಬಸ್ಸಿನ ಟಿಕೆಟ್ ಯಂತ್ರವೊಂದು ಈ ಹೆಸರನ್ನು ವೇರಿಯಬಲ್‌ನಲ್ಲಿ ಇಟ್ಟುಕೊಂಡಿದೆ ಎನ್ನೋಣ. ಆ ಬೈಟ್‌ಗಳು ಎಲ್ಲಿರುತ್ತವೆ? ಯಾವಾಗ ಜಾಗ ಖಾಲಿ ಮಾಡುತ್ತವೆ? ಪ್ರೋಗ್ರಾಮಿಂಗ್ ಭಾಷೆಗಳ ಸ್ವಭಾವ ಬೇರೆಯಾಗುವುದು ಮುಖ್ಯವಾಗಿ ಇಲ್ಲೇ ಎಂದು ನನ್ನ ನಂಬಿಕೆ. ಆವರಣ, ಅಲ್ಪವಿರಾಮಗಳ ವ್ಯತ್ಯಾಸ ವಾರದಲ್ಲಿ ರೂಢಿಯಾಗುತ್ತದೆ.

ಫೋರ್ಟ್ರಾನ್‌ನ ಆರಂಭದ ರೂಪಗಳಲ್ಲಿ ಪ್ರತಿ ವೇರಿಯಬಲ್‌ಗೂ ಮೊದಲೇ ಗೊತ್ತಾದ ಕಾಯಂ ಜಾಗವಿತ್ತು. ಹಾಗಾಗಿ ಫಂಕ್ಷನ್ ತನ್ನನ್ನು ತಾನೇ ಕರೆದುಕೊಳ್ಳುವಂತಿರಲಿಲ್ಲ. ಎರಡನೇ ಕರೆ ಮೊದಲನೆಯದರ ಲೆಕ್ಕವನ್ನು ಅಳಿಸಿಬಿಡುತ್ತಿತ್ತು. ಆಲ್ಗಾಲ್ 60 ಅದಕ್ಕೆ ಅವಕಾಶ ಕೊಟ್ಟಿತು. ಅದನ್ನು ಸಾಧ್ಯವಾಗಿಸಿದ್ದು ಸ್ಟ್ಯಾಕ್: ಕರೆದಾಗ ಹೊಸ ಜಾಗ, ಮುಗಿದೊಡನೆ ಅದು ವಾಪಸ್.

ಡೆನ್ನಿಸ್ ರಿಚಿ 1972ರ ಹೊತ್ತಿಗೆ ರೂಪಿಸಿದ ಸಿ ಭಾಷೆಯಲ್ಲಿ ತೊಡಕು ಸ್ಪಷ್ಟವಾಗಿ ಕಾಣುತ್ತದೆ. ಫಂಕ್ಷನ್ ತನ್ನೊಳಗಿನ ಜಾಗದಲ್ಲಿ ಊರಿನ ಹೆಸರು ಬರೆದು, ಅದರ ವಿಳಾಸವನ್ನು ಹೊರಗೆ ಕೊಟ್ಟಿತು ಎನ್ನಿ. ಫಂಕ್ಷನ್ ಮುಗಿದ ಕ್ಷಣವೇ ಜಾಗದ ಆಯಸ್ಸು ಮುಗಿಯಿತು, ವಿಳಾಸ ಮಾತ್ರ ಕೈಯಲ್ಲಿ ಉಳಿಯಿತು. ಛತ್ರದ ಕೋಣೆ ಬಿಟ್ಟ ಮೇಲೂ ಬೀಗದ ಕೈ ಜೇಬಿನಲ್ಲಿಟ್ಟುಕೊಂಡಂತೆ. ಬಾಗಿಲು ತೆರೆಯುತ್ತದೆ, ಒಳಗೆ ಬೇರೆಯವರ ಸಾಮಾನು. ಇನ್ನೂ ಕೆಟ್ಟದ್ದೆಂದರೆ, ಕೆಲವೊಮ್ಮೆ ಹಳೆಯ ಹೆಸರೇ ಸರಿಯಾಗಿ ಮುದ್ರಣವಾಗಿ ತಪ್ಪು ಅಡಗಿ ಕೂರುತ್ತದೆ. ‘ಸ್ಟ್ಯಾಟಿಕ್’ ಎಂದು ಘೋಷಿಸಿದರೆ ಜಾಗ ಪ್ರೋಗ್ರಾಂ ಮುಗಿಯುವವರೆಗೂ ಉಳಿಯುತ್ತದೆ. ಆದರೆ ಜಾಗ ಒಂದೇ. ಮುಂದಿನ ಕರೆ ಅದರಲ್ಲಿ ನೆಲಮಂಗಲ ಎಂದು ಬರೆದರೆ, ಅರಿಶಿನಕುಂಟೆಗೆಂದು ಇಟ್ಟುಕೊಂಡ ವಿಳಾಸವೂ ನೆಲಮಂಗಲವನ್ನೇ ತೋರಿಸುತ್ತದೆ. ‘ಮ್ಯಾಲಾಕ್’ ಬಳಸಿ, ಫಂಕ್ಷನ್ ಮುಗಿದರೂ ಜಾಗ ಉಳಿಯುವ ಹೀಪ್ ಎಂಬ ಭಾಗದಲ್ಲಿ ಪ್ರತಿ ಸಲ ಹೊಸ ಜಾಗ ಪಡೆದರೆ ಎರಡೂ ತೊಂದರೆ ಇಲ್ಲ, ಆದರೆ ಬಿಡುಗಡೆಯ ಹೊಣೆ ಬರೆದವರದೇ. ಮರೆತರೆ ಮೆಮೊರಿ ಸೋರುತ್ತದೆ; ಬಿಡುಗಡೆಯಾದದ್ದನ್ನು ಮತ್ತೆ ಮುಟ್ಟಿದರೆ ದಾಳಿಕೋರರಿಗೆ ದಾರಿ. ತನ್ನ ತಂತ್ರಾಂಶಗಳ ಭದ್ರತಾ ದೋಷಗಳಲ್ಲಿ ಸುಮಾರು ಶೇ. 70 ಮೆಮೊರಿ ತಪ್ಪುಗಳೇ ಎಂದು ಮೈಕ್ರೋಸಾಫ್ಟ್ 2019ರಲ್ಲಿ ಹೇಳಿತು.

ಈ ಹೊಣೆಯನ್ನು ಮನುಷ್ಯರಿಂದ ತೆಗೆಯಬೇಕೆಂಬ ಯೋಚನೆ ಸಿ ಭಾಷೆಗಿಂತ ಹಳೆಯದು. 1960ರಲ್ಲೇ ಜಾನ್ ಮೆಕಾರ್ಥಿ ಲಿಸ್ಪ್ ಭಾಷೆಗೆ ಗಾರ್ಬೇಜ್ ಕಲೆಕ್ಷನ್ ವಿವರಿಸಿದ್ದರು: ಯಾವ ದಾರಿಯಿಂದಲೂ ತಲುಪಲಾಗದ ದತ್ತಾಂಶವನ್ನು ವ್ಯವಸ್ಥೆಯೇ ಗುಡಿಸುತ್ತದೆ. ಜಾವಾ ಈ ದಾರಿ ಹಿಡಿಯಿತು. ಗುಡಿಸುವ ಕೆಲಸಕ್ಕೂ ಸಮಯ ಬೇಕು. ಹೆಚ್ಚಿನ ಪ್ರೋಗ್ರಾಂಗಳಿಗೆ ಆ ಬೆಲೆ ತೆರುವುದು ತಕ್ಕದ್ದೇ.

ಇನ್ನೊಂದು ದಾರಿ, ಪ್ರೋಗ್ರಾಮನ್ನು ಯಂತ್ರದ ಭಾಷೆಗೆ ತರುವ ಕಂಪೈಲರ್‌ನದು. ಒಂದು ಮೌಲ್ಯ ಮುಂದೆಲ್ಲಾದರೂ ಬಳಕೆಯಾಗುತ್ತದೆಯೇ ಎಂದು ಅದು ಪ್ರೋಗ್ರಾಮನ್ನು ಹಿಂದುಮುಂದಾಗಿ ಓದಿ ಪತ್ತೆಹಚ್ಚುತ್ತದೆ. ಇಲ್ಲವೆಂದಾದರೆ, ಆ ಮೌಲ್ಯವಿರುವ ಕೋಡಿನ ಬ್ಲಾಕ್ ಮುಗಿಯದಿದ್ದರೂ ಅದರ ರಿಜಿಸ್ಟರ್, ಅಂದರೆ ಪ್ರೊಸೆಸರಿನೊಳಗಿನ ಪುಟ್ಟ ಜಾಗ, ಇನ್ನೊಂದು ಮೌಲ್ಯಕ್ಕೆ ಹೋಗುತ್ತದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ವೈ.ಎನ್. ಶ್ರೀಕಾಂತ್ ಮತ್ತು ಪ್ರೀತಿ ಶಂಕರ್ 2002ರಲ್ಲಿ ಸಂಪಾದಿಸಿದ ‘ದಿ ಕಂಪೈಲರ್ ಡಿಸೈನ್ ಹ್ಯಾಂಡ್‌ಬುಕ್’ ಇಂಥ ವಿಶ್ಲೇಷಣೆಗಳ ದೊಡ್ಡ ಸಂಪುಟ. ನಮ್ಮ ಊರಿನಲ್ಲಿ ಕೂತು ಸಂಪಾದಿಸಿದ ಈ ಪುಸ್ತಕದ ಹೆಸರು ಕನ್ನಡದ ವಿದ್ಯಾರ್ಥಿಗಳಿಗೆ ಗೊತ್ತಿರಬೇಕು.

2015ರಲ್ಲಿ 1.0 ಆವೃತ್ತಿ ಕಂಡ ರಸ್ಟ್ ಭಾಷೆ ಅಂಥ ವಿಶ್ಲೇಷಣೆಯನ್ನು ತನ್ನ ನಿಯಮವನ್ನಾಗಿಯೇ ಮಾಡಿಕೊಂಡಿತು. ಅಲ್ಲಿ ಪ್ರತಿ ಮೌಲ್ಯಕ್ಕೂ ಒಬ್ಬನೇ ಒಡೆಯ. ಉಳಿದವರು ಎರವಲು ಪಡೆಯಬಹುದು. ಆಯಸ್ಸು ಮುಗಿದ ಜಾಗದ ಎರವಲನ್ನು ಹೊರಗೆ ಕೊಡಹೊರಟ ಫಂಕ್ಷನ್ ಕಂಪೈಲೇ ಆಗುವುದಿಲ್ಲ. ಮೊದಮೊದಲು ಎರವಲು ಬ್ಲಾಕಿನ ಕೊನೆಯವರೆಗೂ ನಡೆಯುತ್ತದೆಂದು ರಸ್ಟ್ ಎಣಿಸುತ್ತಿತ್ತು, ಸರಿಯಾದ ಪ್ರೋಗ್ರಾಂಗಳೂ ತಿರಸ್ಕಾರವಾಗುತ್ತಿದ್ದವು. 2018ರ ಆವೃತ್ತಿಯಿಂದ ಅದು ಕೊನೆಯ ಬಳಕೆಯವರೆಗೆ ಮಾತ್ರ ಎಣಿಸುತ್ತದೆ.