ಮೊದಲ ಹಾಡಿಗಾಗಿ ಪಟ್ಟು ಬಿಡದ ಕೇಟ್ ಬುಷ್

ತನ್ನ ಮೊದಲ ಹಾಡು ಯಾವುದೆಂದು ತಾನೇ ನಿರ್ಧರಿಸುತ್ತೇನೆ ಎಂದು 19ರ ಹರೆಯದ ಹುಡುಗಿಯೊಬ್ಬಳು ಹಠ ಹಿಡಿಯುವುದು ಸಣ್ಣ ಮಾತಲ್ಲ. ಅದೂ 1977ರಲ್ಲಿ, ಇಎಂಐಯಂತಹ ದೈತ್ಯ ಕಂಪೆನಿಯ ಎದುರು. ನಾಯಿ ಚಿತ್ರದ ಎಚ್‌ಎಂವಿ ತಟ್ಟೆಗಳ ಮೂಲಕ ನಮ್ಮ ಹಿರಿಯರಿಗೂ ಪರಿಚಿತವಾದ ಸಂಸ್ಥೆಯದು.

ಇಂಗ್ಲೆಂಡಿನ ಕೆಂಟ್ ಪ್ರದೇಶದ ವೈದ್ಯರೊಬ್ಬರ ಮಗಳು ಕೇಟ್ ಬುಷ್ ಎಳವೆಯಿಂದಲೇ ಪಿಯಾನೋ ಮುಂದೆ ಕುಳಿತು ಹಾಡು ಕಟ್ಟುತ್ತಿದ್ದವರು. ಪಿಂಕ್ ಫ್ಲಾಯ್ಡ್ ತಂಡದ ಡೇವಿಡ್ ಗಿಲ್ಮೋರ್ ಅವರು ತಮ್ಮ ಖರ್ಚಿನಲ್ಲೇ ಆಕೆಯ ಹಾಡುಗಳನ್ನು ಧ್ವನಿಮುದ್ರಿಸಿ ಕಂಪೆನಿಯ ಗಮನಕ್ಕೆ ತಂದರು. ಒಪ್ಪಂದವಾಯಿತು. ಆಮೇಲೆ ತಕರಾರು ಶುರು. ಕಂಪೆನಿಗೆ ‘ಜೇಮ್ಸ್ ಆ್ಯಂಡ್ ದ ಕೋಲ್ಡ್ ಗನ್’ ಎಂಬ ರಾಕ್ ಶೈಲಿಯ ಹಾಡು ಬೇಕಿತ್ತು. ಕೇಟ್ ಕೇಳಿದ್ದು ‘ವದರಿಂಗ್ ಹೈಟ್ಸ್’.

ಎಮಿಲಿ ಬ್ರಾಂಟೆಯ ಅದೇ ಹೆಸರಿನ ಕಾದಂಬರಿಯನ್ನು ಆಧರಿಸಿದ ಹಾಡು ಅದು. ದಿಲೀಪ್ ಕುಮಾರ್, ವಹೀದಾ ರೆಹಮಾನ್ ಅಭಿನಯದ ‘ದಿಲ್ ದಿಯಾ ದರ್ದ್ ಲಿಯಾ’ (1966) ನೋಡಿದವರಿಗೆ ಕಥೆಯ ಎಳೆ ಗೊತ್ತಿದ್ದೀತು. ಕಿಟಕಿಯಾಚೆ ನಿಂತ ಪ್ರೇತಾತ್ಮ ಪ್ರಿಯಕರನನ್ನು ಕರೆಯುವ ಹಾಡು, ಅದೂ ತಾರಕ ಸ್ವರದಲ್ಲಿ! ವ್ಯಾಪಾರಿ ಬುದ್ಧಿಗೆ ಇದು ಹಿಡಿಸದಿದ್ದುದರಲ್ಲಿ ಆಶ್ಚರ್ಯವಿಲ್ಲ. ನಮ್ಮ ಸಂಘಗಳ ವಾರ್ಷಿಕೋತ್ಸವದಲ್ಲೂ ಸ್ವಂತ ರಚನೆ ಹಾಡುತ್ತೇನೆಂದು ಬರುವ ಮಕ್ಕಳಿಗೆ, ಎಲ್ಲರಿಗೂ ಗೊತ್ತಿರುವುದನ್ನೇ ಹಾಡು ಎಂದು ಬುದ್ಧಿ ಹೇಳುವವರೇ ಹೆಚ್ಚು.

ಕೇಟ್ ಮಣಿಯಲಿಲ್ಲ. ತಟ್ಟೆಯ ಹೊದಿಕೆಯ ಚಿತ್ರ ಒಪ್ಪಿಗೆಯಾಗಲಿಲ್ಲವೆಂದು ಅದನ್ನೂ ಬದಲಾಯಿಸಿದರು. ಬಿಡುಗಡೆ ಮುಂದೆ ಹೋಗಿ 1978ರ ಜನವರಿಯಲ್ಲಿ ಹಾಡು ಹೊರಬಂತು. ಮಾರ್ಚ್‌ನಲ್ಲಿ ಆಬ್ಬಾ ತಂಡವನ್ನು ಹಿಂದಿಕ್ಕಿ ಬ್ರಿಟನ್ನಿನಲ್ಲಿ ಪ್ರಥಮ ಸ್ಥಾನಕ್ಕೇರಿ 4 ವಾರ ಅಲ್ಲೇ ನಿಂತಿತು. ಸ್ವತಃ ಬರೆದ ಹಾಡಿನಿಂದ ಆ ಸ್ಥಾನ ಪಡೆದ ಮೊದಲ ಗಾಯಕಿ ಈಕೆ.

ಹಾಗೆಂದು ಎಲ್ಲ ಹಠವೂ ಗೆಲ್ಲಲಿಲ್ಲ. 1982ರಲ್ಲಿ ತಾವೇ ನಿರ್ಮಿಸಿದ ‘ದ ಡ್ರೀಮಿಂಗ್’ ನಿರೀಕ್ಷಿಸಿದಷ್ಟು ಮಾರಾಟವಾಗಲಿಲ್ಲ. ಹಾಗಾಗಿ 1985ರಲ್ಲಿ, ಶೀರ್ಷಿಕೆಯಲ್ಲಿ ದೇವರ ಹೆಸರಿದ್ದರೆ ಕೆಲವು ದೇಶಗಳ ರೇಡಿಯೋ ಪ್ರಸಾರ ಮಾಡದು ಎಂದು ಕಂಪೆನಿ ಹೇಳಿದಾಗ ‘ಎ ಡೀಲ್ ವಿದ್ ಗಾಡ್’ ಎಂಬ ಹಾಡಿಗೆ ‘ರನ್ನಿಂಗ್ ಅಪ್ ದಟ್ ಹಿಲ್’ ಎಂದು ಹೆಸರಿಡಲು ಒಪ್ಪಿಕೊಂಡರು. ಆದರೆ ಹಾಡಿನೊಳಗಿನ ದೇವರನ್ನು ತೆಗೆಯಲಿಲ್ಲ. ಮನೆಯ ಬಳಿಯೇ ಸ್ವಂತ ಸ್ಟುಡಿಯೋ ಕಟ್ಟಿಸಿಕೊಂಡಿದ್ದರಿಂದ, ಗಂಟೆ ಲೆಕ್ಕದ ಬಾಡಿಗೆಯ ಒತ್ತಡವೂ ಇರಲಿಲ್ಲ.

ಅದೇ ಹಾಡನ್ನು ‘ಸ್ಟ್ರೇಂಜರ್ ಥಿಂಗ್ಸ್’ ಧಾರಾವಾಹಿಯಲ್ಲಿ ಬಳಸಿದ ಬಳಿಕ 2022ರ ಜೂನ್‌ನಲ್ಲಿ ಅದು ಬ್ರಿಟನ್ನಿನಲ್ಲಿ ಪ್ರಥಮ ಸ್ಥಾನಕ್ಕೆ ಬಂತು. ಬಿಡುಗಡೆಯಾಗಿ ಆಗ 37 ವರ್ಷ. ಕೇಟ್ ಅವರಿಗೆ 63.