ತಂಗಟೆಯ ತೊಗಟೆ

ನಮ್ಮ ಮನೆಯಲ್ಲಿ ತಂಗಟೆಯನ್ನು ಯಾರೂ ಹೂವಿನ ಗಿಡ ಎಂದು ಕರೆದಿದ್ದಿಲ್ಲ. ಅದು ತೊಗಟೆಯ ಗಿಡ. ತಾತ ಚರ್ಮ ಹದ ಮಾಡುವವರು. ಎತ್ತು ಹೂಡಿ ನೀರೆತ್ತುವ ಊರಿನ ಕಪಿಲೆ ಬಾವಿಗಳಿಗೆ ಚರ್ಮದ ಬಾನಿ, ಎತ್ತಿಗೆ ಮಿಣಿ, ಕಾಲಿಗೆ ಎಕ್ಕಡ ಎಲ್ಲವೂ ಅವರ ಕೈಯಿಂದಲೇ ಬರಬೇಕಿತ್ತು. ಚಿತ್ರದುರ್ಗದ ಕಡೆಯ ನಮ್ಮ ಹಟ್ಟಿಯ ಹಿಂದೆ ಕಲ್ಲುಗುಡ್ಡ, ಗುಡ್ಡದ ತುಂಬ ತಂಗಟೆ. ಮಳೆ ಬಿದ್ದ ಮೇಲೆ ಗುಡ್ಡಕ್ಕೆ ಅರಿಸಿನ ಚೆಲ್ಲಿದ ಹಾಗೆ ಹೂ ಬಿಡುತ್ತಿತ್ತು. ನನ್ನ ಕಣ್ಣು ಹೂವಿನ ಮೇಲೆ, ತಾತನ ಕಣ್ಣು ಬಲಿತ ಕಡ್ಡಿಯ ಮೇಲೆ.

ಮೈಸೂರು ಸೀಮೆಯಲ್ಲಿ ಇದಕ್ಕೆ ತಂಗಡಿ ಎನ್ನುತ್ತಾರೆ, ಆವರಿಕೆ ಎಂದೂ ಕರೆಯುತ್ತಾರೆ. ತೆಲುಗರಿಗೆ ತಂಗೇಡು, ತಮಿಳರಿಗೆ ಆವಾರಂ. ತೆಲಂಗಾಣ ಇದನ್ನೇ ರಾಜ್ಯದ ಹೂವೆಂದು ಆರಿಸಿಕೊಂಡಿದೆ. ಅಲ್ಲಿಯ ಬತುಕಮ್ಮ ಹಬ್ಬಕ್ಕೆ ಇದು ಇರಲೇಬೇಕು. ನಮ್ಮಲ್ಲಿ ಹೆದ್ದಾರಿಯ ಪಕ್ಕ, ರೈಲು ಹಳಿಯ ಬದಿ, ಪಾಳುಬಿದ್ದ ಹೊಲದಲ್ಲಿ ಇದನ್ನು ನೋಡದವರಿಲ್ಲ. ಹೆಸರು ಕೇಳಿದರೆ ಪೇಟೆಯ ಮಕ್ಕಳಲ್ಲಿ ಹತ್ತಕ್ಕೆ ಒಬ್ಬರೂ ಹೇಳುವುದಿಲ್ಲ. ಮೂವತ್ತು ವರ್ಷ ಜೀವಶಾಸ್ತ್ರ ಪಾಠ ಮಾಡಿದ ನನಗೆ ಅದು ಈಗಲೂ ನೋವು.

ಅವರೆ, ತೊಗರಿ, ಹುಣಸೆ, ಹೊಂಗೆ ಎಲ್ಲ ಸೇರಿದ ದೊಡ್ಡ ಕುಟುಂಬದ್ದೇ ಈ ಪೊದೆ. ಹೂವು ನೋಡಿದರೆ ನಂಬಿಕೆ ಬರುವುದಿಲ್ಲ, ಅವರೆ ಹೂವಿನ ಚಿಟ್ಟೆಯಂಥ ರೂಪ ಇದಕ್ಕಿಲ್ಲ. ಕಾಯಿ ನೋಡಿದರೆ ಗುಟ್ಟು ರಟ್ಟಾಗುತ್ತದೆ: ಚಪ್ಪಟೆ, ಕಾಗದದಷ್ಟು ತೆಳು, ಒಳಗೆ ಸಾಲಾಗಿ ಬೀಜ. ಎಲೆದಂಟಿನ ಬುಡದಲ್ಲಿ ಕಿವಿಯ ಆಕಾರದ ಎರಡು ಪುಟ್ಟ ಎಲೆಗಳಿರುತ್ತವೆ. 1753ರಲ್ಲಿ ಲಿನೇಯಸ್ ಹೆಸರಿಟ್ಟಾಗ ಆ ಕಿವಿಯನ್ನೇ ಹಿಡಿದು ‘ಆರಿಕ್ಯುಲೇಟಾ’ ಎಂದ. ಆಗ ಅದು ಕ್ಯಾಸಿಯಾ, ಈಗ ಸೆನ್ನಾ ಆರಿಕ್ಯುಲೇಟಾ.

ಹೂವಿನ ಹತ್ತಿರ ಒಂದು ಬೆಳಿಗ್ಗೆ ಸುಮ್ಮನೆ ಕೂರಬೇಕು. ಇದರಲ್ಲಿ ಮಕರಂದವೇ ಇಲ್ಲ. ಬರುವ ದುಂಬಿಗೆ ಸಿಗುವುದು ಪರಾಗ ಮಾತ್ರ, ಅದೂ ಸುಲಭಕ್ಕೆ ಸಿಗುವುದಿಲ್ಲ. ಪರಾಗದ ಚೀಲ ಸೀಳಿ ತೆರೆದುಕೊಳ್ಳುವ ಬದಲು, ತುದಿಯಲ್ಲಿ ಒಂದು ಕಿಂಡಿ ಇಟ್ಟುಕೊಂಡಿದೆ. ಮರ ಕೊರೆಯುವ ದೊಡ್ಡ ಕರಿದುಂಬಿ ಬಂದು ಕೇಸರಗಳನ್ನು ತಬ್ಬಿಕೊಂಡು, ರೆಕ್ಕೆ ಬಡಿಯದೆಯೇ ಎದೆಯ ಸ್ನಾಯುಗಳನ್ನು ನಡುಗಿಸುತ್ತದೆ. ಹಾರುವಾಗಿನ ಗುಂಯ್ ಬೇರೆ, ಈ ಝೇಂಕಾರ ಬೇರೆ. ಒಂದೆರಡು ಸಲ ಕೇಳಿದರೆ ಕಿವಿಗೆ ವ್ಯತ್ಯಾಸ ತಿಳಿಯುತ್ತದೆ. ಆ ನಡುಕಕ್ಕೆ ಪರಾಗ ಕಿಂಡಿಯಿಂದ ಚಿಮ್ಮುತ್ತದೆ. ತುಡುವೆ ಜೇನಿಗೆ ಈ ವಿದ್ಯೆ ಬರುವುದಿಲ್ಲ.

ಹೂವಿನ ಲೆಕ್ಕಾಚಾರ ಇನ್ನೂ ಚೆನ್ನ. ಹತ್ತು ಕೇಸರಗಳಲ್ಲಿ ಮೇಲಿನ ಮೂರು ಬರಡು. ನಡುವಿನ ಗಿಡ್ಡವು ದುಂಬಿಯ ಊಟಕ್ಕೆ. ಕೆಳಗಿನ ಉದ್ದನೆಯವು ದುಂಬಿಯ ಮೈಗೆ, ಅದರ ಕಾಲಿಗೆ ಎಟುಕದ ಕಡೆ, ಪರಾಗ ಬಳಿಯುವುದಕ್ಕೆ. ತುದಿಯಲ್ಲಿ ಪರಾಗ ಹಿಡಿಯುವ ಶಲಾಕೆಯೂ ನೆಟ್ಟಗಿರುವುದಿಲ್ಲ. ಒಂದು ಹೂವಿನಲ್ಲಿ ಎಡಕ್ಕೆ ಬಾಗಿದರೆ ಇನ್ನೊಂದರಲ್ಲಿ ಬಲಕ್ಕೆ, ಕನ್ನಡಿಯಲ್ಲಿ ಕಂಡ ಹಾಗೆ. ದುಂಬಿಯ ಒಂದು ಮಗ್ಗುಲಿಗೆ ಹತ್ತಿದ್ದು ಎದುರು ಬಗೆಯ ಹೂವಿಗೆ ತಲುಪಲಿ ಎಂಬ ಏರ್ಪಾಡು. ಇದನ್ನು ತೋರಿಸಿದಾಗಲೆಲ್ಲ ಮಕ್ಕಳು ಮುಂದಿನ ಅರ್ಧಗಂಟೆ ಎಡ-ಬಲ ಎಣಿಸುತ್ತ ಗುಡ್ಡ ಬಿಟ್ಟು ಇಳಿಯುತ್ತಿರಲಿಲ್ಲ.

ದನ, ಆಡು ಇದಕ್ಕೆ ಬಾಯಿ ಹಾಕುವುದು ಅಪರೂಪ. ಮೇದು ಬೋಳಾದ ಗುಡ್ಡದಲ್ಲೂ ತಂಗಟೆ ಹಸಿರಾಗಿ ನಿಲ್ಲುವುದು ಅದಕ್ಕೇ. ಗದ್ದೆಯವರು ಇದರ ಸೊಪ್ಪನ್ನು ಹೊಂಗೆಯ ಜೊತೆ ಕೆಸರಿಗೆ ತುಳಿದು ಗೊಬ್ಬರ ಮಾಡುತ್ತಿದ್ದರು.

ಈಗ ತೊಗಟೆಯ ಮಾತು. ಬಾಳೆಕಾಯಿ ಕಚ್ಚಿದರೆ ನಾಲಿಗೆ ಹಿಡಿಯುತ್ತದಲ್ಲ, ಆ ಒಗರೇ ಟ್ಯಾನಿನ್. ತಂಗಟೆಯ ತೊಗಟೆಯಲ್ಲಿ ಅದು ನೂರಕ್ಕೆ 18ರ ಆಸುಪಾಸು. ಹಸಿ ಚರ್ಮದ ಎಳೆಗಳಿಗೆ ಈ ಒಗರು ಅಂಟಿಕೊಂಡರೆ ಮತ್ತೆ ಕೊಳೆಯುವುದಿಲ್ಲ. ತಾತ ಚರ್ಮವನ್ನು ಸುಣ್ಣದ ನೀರಿನಲ್ಲಿ ನೆನೆಹಾಕಿ, ಕೂದಲು ಹೆರೆದು, ತೊಳೆದು, ಚೀಲದ ಹಾಗೆ ಹೊಲಿಯುತ್ತಿದ್ದರು. ಚೀಲದೊಳಗೆ ಜಜ್ಜಿದ ತೊಗಟೆ, ನೀರು ತುಂಬಿ ಬೇವಿನ ಕೊಂಬೆಗೆ ತೂಗುಹಾಕುವುದು. ರಸ ತೊಟ್ಟಿಕ್ಕುತ್ತಿತ್ತು. ಕೆಳಗಿನ ಬಾನಿಯಲ್ಲಿ ಹಿಡಿದು ಮತ್ತೆ ಮೇಲಕ್ಕೆ ಸುರಿಯುವ ಕೆಲಸ ನನ್ನದು. ಕೆಲವು ದಿನ ಕಳೆದ ಮೇಲೆ ಚೀಲವನ್ನು ತಲೆಕೆಳಗು ಮಾಡಿ ಕಟ್ಟುತ್ತಿದ್ದರು, ಎರಡು ತುದಿಗೂ ಸಮ ಒಗರು ಸಿಗಲಿ ಎಂದು. ಕೊನೆಗೆ ಅಳಲೆಕಾಯಿ ನೀರು. ಅದಿಲ್ಲದಿದ್ದರೆ ತಂಗಟೆಯ ಹಳದಿ ಚರ್ಮ ಬಿಸಿಲಿಗೆ ಕೆಂಪಗಾಗುತ್ತದೆ.

ಇದೇ ತೊಗಟೆಯಲ್ಲಿ ಹದವಾದ ಚರ್ಮ ಹತ್ತೊಂಬತ್ತನೇ ಶತಮಾನದಲ್ಲಿ ಮದರಾಸಿನಿಂದ ಹಡಗು ಹತ್ತಿ ಲಂಡನ್ನಿಗೆ ಹೋಗುತ್ತಿತ್ತು. ಆಮೇಲೆ ದಕ್ಷಿಣ ಆಫ್ರಿಕಾದಿಂದ ವಾಟಲ್ ತೊಗಟೆ ಬಂತು, ಅದರಲ್ಲಿ ಒಗರು ಇನ್ನೂ ಹೆಚ್ಚು. ಕ್ರೋಮ್ ಹದವೂ ಬಂತು. ನಮ್ಮೂರಿನ ಬಾವಿಗೆ ಪಂಪ್‌ಸೆಟ್ ಬಂದ ವರ್ಷ ಕಪಿಲೆ ನಿಂತಿತು. ತಾತನ ಕತ್ತಿ ಸೂರಿನಲ್ಲಿ ಸಿಕ್ಕಿಸಿದ್ದು ಅಲ್ಲೇ ಉಳಿಯಿತು.

ಅವರು ಗಿಡವನ್ನು ಬುಡದಿಂದ ಕಿತ್ತದ್ದನ್ನು ನಾನು ನೋಡಿಲ್ಲ. ಒಂದು ಗೇಣು ಬಿಟ್ಟು ಕಡಿಯುತ್ತಿದ್ದರು. ಅಲ್ಲಿಂದ ಮತ್ತೆ ಚಿಗುರು ಬರುತ್ತಿತ್ತು. ಅವರ ಕೈಯ ಕೆಲಸವನ್ನು ಊರು ಬಳಸಿತು, ಆ ಕೈಯನ್ನು ಮುಟ್ಟಲಿಲ್ಲ. ಅವರು ಹೊಲಿದ ಬಾನಿಯಲ್ಲಿ ಮೇಲೆ ಬಂದ ನೀರು ಎಲ್ಲರ ಹೊಲಕ್ಕೂ ಹರಿಯಿತು.

ನಮ್ಮ ಕಡೆ ದೀಪಾವಳಿಯೆಂದರೆ ಹಿರಿಯರ ಹಬ್ಬ. ಸಂತೆಯಲ್ಲಿ ಉತ್ತರಾಣಿ ಕಡ್ಡಿ, ಬ್ರಹ್ಮದಂಡೆಯ ಜೊತೆ ತಂಗಟೆ ಹೂವಿನ ಕಟ್ಟನ್ನೂ ಮಾರುತ್ತಾರೆ. ನಾನು ಕೊಳ್ಳುವುದಿಲ್ಲ. ಬೆಳಗಾಗುವ ಮುಂಚೆ ಗುಡ್ಡಕ್ಕೆ ಹೋಗಿ, ಒಂದು ಗೇಣು ಬಿಟ್ಟು ಒಂದು ಕೊಂಬೆ ಕಡಿದು ತರುತ್ತೇನೆ. ಹೂವನ್ನು ಮನೆಯವರು ತಾತನ ಫೋಟೋಗೆ ಏರಿಸುತ್ತಾರೆ. ಕಡ್ಡಿಯಿಂದ ಸುಲಿದ ತೊಗಟೆಯ ಸೀಳೊಂದನ್ನು ಫೋಟೋದ ಮುಂದೆ ನಾನಿಡುತ್ತೇನೆ.